ಒಂದು ಮತದ ವಿಚಾರಣೆ

ಹಾಲು ಉತ್ಪಾದಕರ ಸಂಘದ ಅಧ್ಯಕ್ಷ ಚುನಾವಣೆಯಲ್ಲಿ ಭಾವ ಒಂದೇ ಮತದಿಂದ ಸೋತರು. ಮತದಾನ ಕೈ ಎತ್ತುವ ಮೂಲಕ ನಡೆದದ್ದರಿಂದ ಅದು ಯಾರ ಕೈ ಎಂಬುದರಲ್ಲಿ ಗುಟ್ಟೇನೂ ಇರಲಿಲ್ಲ. ಅವರ ತಮ್ಮನ ಹೆಂಡತಿಯ ಕೈ. ನಿರ್ದೇಶಕರಲ್ಲಿ ಅವಳೊಬ್ಬಳೇ ಹೆಂಗಸು. ಮಹಿಳಾ ಮೀಸಲು ಸ್ಥಾನಕ್ಕೆ ಅವಳನ್ನು ನಿಲ್ಲಿಸಿ, ಓಡಾಡಿ ಗೆಲ್ಲಿಸಿದವರು ಅದೇ ಭಾವ.

ಗೆದ್ದವನು ಪಶು ಆಹಾರದ ಅಂಗಡಿಯವನು. ಅವನನ್ನು ಎಲ್ಲರೂ ಹಿಂಡಿಯಣ್ಣ ಎನ್ನುತ್ತಿದ್ದರು. ಚುನಾವಣೆಗೆ ಮೊದಲು ಅವನು ತನ್ನ ಕಡೆಯ ನಿರ್ದೇಶಕರನ್ನು, ಅವಳನ್ನೂ ಸೇರಿಸಿ, ಪಟ್ಟಣದ ಒಂದು ಲಾಡ್ಜಿನಲ್ಲಿ ಇಟ್ಟಿದ್ದ. ಇದಕ್ಕೆ ಪ್ರವಾಸ ಎಂದು ಹೆಸರು. ಪ್ರವಾಸ ಹೋದವರು ಕೋಣೆ ಮತ್ತು ಊಟದ ಹಾಲ್ ಬಿಟ್ಟು ಬೇರೇನನ್ನೂ ನೋಡಲಿಲ್ಲ. ಅವರ ಫೋನುಗಳನ್ನು ಒಂದು ಚೀಲಕ್ಕೆ ಹಾಕಿ ಕಟ್ಟಿಡಲಾಗಿತ್ತು. ಭಾವ ಅದನ್ನೇ ಹಿಡಿದುಕೊಂಡರು. ತಮ್ಮ ಮನೆಯ ಹೆಣ್ಣುಮಗಳನ್ನು ಅಕ್ರಮವಾಗಿ ಕೂಡಿಹಾಕಿ, ಹೆದರಿಸಿ ಕೈ ಎತ್ತಿಸಲಾಗಿದೆ, ಆ ಮತ ಅಸಿಂಧು ಎಂದು ಘೋಷಿಸಬೇಕು ಎಂದು ಸಹಕಾರ ಇಲಾಖೆಯ ವಿಚಾರಣಾಧಿಕಾರಿಗೆ ಅರ್ಜಿ ಸಲ್ಲಿಸಿದರು. ಜೊತೆಗೆ ಅವಳ ಗಂಡನ ಪ್ರಮಾಣಪತ್ರವಿತ್ತು. ಅಣ್ಣ ತೋರಿಸಿದ ಕಡೆ ಸಹಿ ಹಾಕುವುದು ಅವನಿಗೆ ರೂಢಿ.

ನಿಜ ಬೇರೆ. ತವರಿಗೆ ಹೋಗುತ್ತೇನೆಂದು ಹೇಳಿ ಅವಳಾಗಿಯೇ ಹಿಂಡಿಯಣ್ಣನ ಜೀಪು ಹತ್ತಿದ್ದಳು. ಸಂಘದಲ್ಲಿ ಹಾಲಿನ ಕೊಬ್ಬಿನಂಶ ನೋಡುವ ಯಂತ್ರ ಕಿಟಕಿಯ ಒಳಗಡೆ, ಕಾರ್ಯದರ್ಶಿಯ ಕಡೆ ಮುಖ ಮಾಡಿಕೊಂಡಿತ್ತು. ಅದರಲ್ಲಿ ಮೂಡುವ ಅಂಕಿ ಅವನೊಬ್ಬನಿಗೇ ಕಾಣುತ್ತಿತ್ತು. ಹೊರಗೆ ಕ್ಯಾನು ಹಿಡಿದು ನಿಂತವರು ಅವನು ಕೂಗಿದ್ದನ್ನು ನಂಬಬೇಕು. ಹಾಲಿನ ದರ ನಿಲ್ಲುವುದು ಆ ಅಂಕಿಯ ಮೇಲೆ. ಯಂತ್ರವನ್ನು ಹೊರಗಿನವರಿಗೂ ಕಾಣುವಂತೆ ತಿರುಗಿಸಿಡಿ ಎಂದು ಅವಳು ಆಡಳಿತ ಮಂಡಳಿಯ ಸಭೆಯಲ್ಲಿ ಎರಡು ಸಲ ಕೇಳಿದ್ದಳು. ಆಗ ಅಧ್ಯಕ್ಷರಾಗಿದ್ದ ಭಾವ ಎರಡೂ ಸಲ ಎಲ್ಲರಿಗೂ ಟೀ ತರಿಸಿದರು. ಹಿಂಡಿಯಣ್ಣ ಮಾತ್ರ, ಆಗಲಿ, ನಾನು ಗೆದ್ದರೆ ತಿರುಗಿಸುತ್ತೇನೆ ಎಂದ.

ವಿಚಾರಣೆಯ ಹಿಂದಿನ ದಿನ ಗಂಡ ಕೊಟ್ಟಿಗೆಗೆ ಬಂದು ನಿಂತ.

"ಹೆದರಿಸಿದ್ರು ಅಂದ್ಬಿಡು. ಹಾವೂ ಸಾಯಲ್ಲ, ಕೋಲೂ ಮುರಿಯಲ್ಲ."

"ಹಾಗಾದ್ರೆ ನಾನು ಕೈ ಎತ್ತಿದ್ದು?"

"ಅದು ನೀನು ಎತ್ತಿದ್ದಲ್ಲ ಅಂತಾಗುತ್ತೆ, ಅಷ್ಟೇ."

ಹಿಂಡಿಯಣ್ಣನ ವಕೀಲನ ಸಲಹೆ ಇನ್ನೂ ಚಿಕ್ಕದಾಗಿತ್ತು. ಯಾರೂ ಹೆದರಿಸಲಿಲ್ಲ ಎಂದಷ್ಟೇ ಹೇಳಬೇಕು, ಮುಂದೆ ಏನು ಕೇಳಿದರೂ ನೆನಪಿಲ್ಲ ಎನ್ನಬೇಕು.

ವಿಚಾರಣೆ ನಡೆದದ್ದು ಇಲಾಖೆಯ ಮಹಡಿಯ ಕೋಣೆಯಲ್ಲಿ. ಅಧಿಕಾರಿ ಒಂದು ಕಿವಿ ಇತ್ತ ಕೊಟ್ಟು ಬೇರೆ ಕಡತಗಳಿಗೆ ಸಹಿ ಹಾಕುತ್ತಿದ್ದರು. ಭಾವನ ವಕೀಲರು ವಯಸ್ಸಾದವರು, ಮೆತ್ತಗೆ ಮಾತಾಡುವವರು. ಅವಳನ್ನು ನಿರ್ದೇಶಕಿ ಮಾಡಿದ್ದು ಯಾರು ಎಂದು ಕೇಳಿದರು. ಭಾವ ಎಂದಳು. ಹೆದರಿಸಿದವರು ಯಾರು ಎಂದರು. ಯಾರೂ ಇಲ್ಲ ಎಂದಳು.

"ಹಾಗಾದ್ರೆ ಗೊತ್ತಿಲ್ದೆ ಎತ್ತಿಬಿಟ್ರೇನಮ್ಮ? ಪಕ್ಕದವರು ಎತ್ತಿದ್ರು ಅಂತ?"

ಹಿಂದಿನ ಬೆಂಚಿನಲ್ಲಿ ಒಬ್ಬರು ನಕ್ಕರು. ಅದು ಗಂಡನ ನಗು ಎಂದು ತಿರುಗಿ ನೋಡದೆಯೇ ಅವಳಿಗೆ ತಿಳಿಯಿತು.

"ಗೊತ್ತಿದ್ದೇ ಎತ್ತಿದೆ. ಫ್ಯಾಟ್ ಮೆಷಿನ್ ಹೊರಗಡೆ ತಿರುಗಿಸ್ತೀನಿ ಅಂದ್ರು. ಅದಕ್ಕೇ ಎತ್ತಿದೆ."

ಹಿಂಡಿಯಣ್ಣನ ವಕೀಲ ಕೆಮ್ಮಿದ. ತಡವಾಗಿತ್ತು. ಹಿರಿಯ ವಕೀಲರು ಅವಳ ಮಾತನ್ನು ಹೇಳಿದ ಹಾಗೆಯೇ ದಾಖಲಿಸಿಕೊಳ್ಳಲು ಕೋರಿದರು.

"ತಿರುಗಿಸಿದ್ರೆ ದರ ಜಾಸ್ತಿ ಬರುತ್ತೆ ಅಂತ ತಾನೇ?"

"ಎಲ್ಲರ ಹಾಲಿಗೂ ಸರಿಯಾದ ದರ ಬರುತ್ತೆ."

"ನಿಮ್ಮ ಹಾಲಿಗೂ?"

"ನನ್ನ ಹಾಲಿಗೂ."

"ಸಾಕಮ್ಮ, ಕೂತ್ಕೊಳ್ಳಿ."

ಮುಂದಿನ ದಿನಾಂಕದೊಳಗೆ ಅರ್ಜಿಗೆ ತಿದ್ದುಪಡಿಯಾಯಿತು. ಬೆದರಿಕೆ ಹೋಗಿ ಆಮಿಷ ಬಂತು. ಸದಸ್ಯೆಯು ವೈಯಕ್ತಿಕ ಲಾಭದ ಭರವಸೆ ಪಡೆದು ಮತ ನೀಡಿರುವುದು ಆಕೆಯ ಹೇಳಿಕೆಯಿಂದಲೇ ಸಾಬೀತಾಗಿದೆ ಎಂದು ಆದೇಶ ಹೇಳಿತು. ಮತ ಅಸಿಂಧು, ಅಧ್ಯಕ್ಷರ ಆಯ್ಕೆ ರದ್ದು, ಉಳಿದ ಅವಧಿಗೆ ಆಕೆ ನಿರ್ದೇಶಕಿಯಾಗಿರಲು ಅನರ್ಹಳು. ವಿಚಾರಣೆ ನಡೆದ ಅಷ್ಟೂ ತಿಂಗಳು ಅಧ್ಯಕ್ಷನಾಗಿದ್ದರೂ ಹಿಂಡಿಯಣ್ಣ ಯಂತ್ರವನ್ನು ಮುಟ್ಟಿಯೇ ಇರಲಿಲ್ಲ. ಕೇಸು ಮುಗಿಯಲಿ ಎನ್ನುತ್ತಿದ್ದ. ಈ ವಿಷಯ ಆದೇಶದಲ್ಲಿ ಇಲ್ಲ. ಯಾರೂ ಕೇಳಿರಲಿಲ್ಲ.

ಆದೇಶದ ದಿನ ಇಲಾಖೆಯ ಮೆಟ್ಟಿಲಲ್ಲಿ ಹಿಂಡಿಯಣ್ಣ ಅವಳ ಹತ್ತಿರ ಬಂದ.

"ಒಂದು ಮಾತು ನುಂಗಿದ್ರೆ ಆಗ್ತಿತ್ತಲ್ಲಕ್ಕ. ಎಲ್ಲಾ ಕೈಗೆ ಬಂದಿತ್ತು."

ಅವನು ಮೇಲ್ಮನವಿಗೆ ಹೋಗುತ್ತಾನೆಂದು ಜನ ಕಾದರು. ಹೋಗಲಿಲ್ಲ. ಹಿರಿಯರಿಬ್ಬರು ಕೂರಿಸಿ ರಾಜಿ ಮಾಡಿಸಿದರು. ಅಧ್ಯಕ್ಷಗಿರಿ ಭಾವನಿಗೆ, ಸಂಘಕ್ಕೆ ಪಶು ಆಹಾರ ಪೂರೈಸುವ ಗುತ್ತಿಗೆ ಹಿಂಡಿಯಣ್ಣನ ಅಂಗಡಿಗೆ. ಇದನ್ನು ಊರು ಒಗ್ಗಟ್ಟು ಎಂದು ಕರೆಯಿತು. ತೆರವಾದ ಮಹಿಳಾ ಸ್ಥಾನಕ್ಕೆ ಭಾವನ ಹೆಂಡತಿ, ಎಂದರೆ ಅವಳ ಓರಗಿತ್ತಿ, ನಿಲ್ಲಬೇಕೆಂದಾಯಿತು.

ನಾಮಪತ್ರವನ್ನು ಭಾವನೇ ಅಡುಗೆಮನೆಗೆ ತಂದರು. ಕೋಪವೇನೂ ಇರಲಿಲ್ಲ. ಗೆದ್ದವರಿಗೆ ಅದರ ಅಗತ್ಯವಿರುವುದಿಲ್ಲ.

"ಸೂಚಕರ ಜಾಗದಲ್ಲಿ ನೀನು ಸಹಿ ಹಾಕಮ್ಮ. ಮನೆ ಒಂದೇ ಅಂತ ಕಾಣ್ಬೇಕಲ್ಲ."

ಅವಳು ಓರಗಿತ್ತಿಯ ಕಡೆ ತಿರುಗಿದಳು.

"ಅಕ್ಕಾ, ನಿಮಗೆ ನಿಲ್ಬೇಕು ಅಂತ ಇದೆಯಾ?"

ಓರಗಿತ್ತಿ ಬೆಳ್ಳುಳ್ಳಿ ಸುಲಿಯುತ್ತಿದ್ದಳು. ತಲೆ ಎತ್ತಲಿಲ್ಲ.

"ನನ್ನ ಬಾಯಲ್ಲಿ ಏನು ಹೇಳಿಸ್ಬೇಕು ಅಂತಿದ್ದೀಯೆ? ನಾಳೆ ನನ್ನನ್ನೂ ಆ ವಿಚಾರಣೆಲಿ ನಿಲ್ಸಿ ಜನ ನಗೋ ಹಾಗೆ ಮಾಡೋಕಾ?"

ಅವಳು ಪೆನ್ನು ಮುಟ್ಟಲಿಲ್ಲ. ಭಾವ ಒತ್ತಾಯವನ್ನೂ ಮಾಡಲಿಲ್ಲ. ಜಗಲಿಯಲ್ಲಿ ಕೂತಿದ್ದ ಹಿಂಡಿಯಣ್ಣನನ್ನು ಒಳಗೆ ಕರೆದರು. ಅವನು ಚಪ್ಪಲಿ ಬಿಟ್ಟು ಬಂದು, ನಿಂತೇ ಸಹಿ ಹಾಕಿ, ಪೆನ್ನನ್ನು ತನ್ನ ಜೇಬಿಗೆ ಸಿಕ್ಕಿಸಿಕೊಂಡ. ಆಮೇಲೆ ನೆನಪಾಗಿ ವಾಪಸು ಕೊಟ್ಟ.