ಗೆರೆಯ ಮೇಲಿನ ಬಹುಶಃ

ಅಂಗಳದ ಹೆಬ್ಬಾತುಗಳು ಯಾಕೋ ಒಮ್ಮೆಗೇ ಸುಮ್ಮನಾದವು, ಪೇರೋನಳಿಗೆ ಮೊದಲು ಕೇಳಿಸಿದ್ದು ಆ ಸುಮ್ಮನಾದದ್ದೇ, ಆಮೇಲೆ ಪಾದ್ರಿ ಆರ್ನೊತ್ ಹಾಳೆ ಮಗುಚಿದ ಸದ್ದು, ಒಂದು, ಇನ್ನೊಂದು — ಬಾಗಿಲ ಪಕ್ಕದ ಗೋಡೆಗೆ ಬೆನ್ನು ಹಚ್ಚಿ ನಿಂತಿದ್ದಾಳೆ, ಕೈಯಲ್ಲಿ ವೈನಿನ ಹೂಜಿ, ಕರೆದರೆ ಬಗ್ಗಿಸಬೇಕು, ಕರೆಯದಿದ್ದರೆ ಗೋಡೆಯಾಗಿರಬೇಕು, ಗೋಡೆಯಾಗಿರುವುದು ಅವಳಿಗೆ ಚೆನ್ನಾಗಿ ಬರುತ್ತದೆ, ಆದರೆ ಮೇಜಿನ ಮೇಲಿರುವ ಅಷ್ಟು ಹಾಳೆಗಳೂ ಅವಳ ಕೈಬರಹ, ಎಂಟು ತಿಂಗಳು ಕೂತು ಒಡೆಯರದ್ದನ್ನು ನಕಲು ಮಾಡಿದ್ದು, ಅಚ್ಚಿನವನಿಗೆ ಹೋಗುವ ಮೊದಲು ಚರ್ಚಿನವರು ಓದಿ ಅಡ್ಡಿಯಿಲ್ಲ ಅನ್ನಬೇಕಂತೆ, ಅದಕ್ಕೇ ಪಾದ್ರಿಗಳು ಪೆರಿಗ್ಯೂ ಪಟ್ಟಣದಿಂದ ಹೇಸರಗತ್ತೆ ಏರಿ ಬಂದಿದ್ದಾರೆ, ಸಾಲಿನ ಕೆಳಗೆ ಉಗುರು ಇಟ್ಟು ಓದುತ್ತಾರೆ, ಉದ್ದನೆಯ ಹಳದಿ ಉಗುರು, ಸಾಲು ಮುಗಿದರೆ ಹಿಂದಕ್ಕೆ ಬಂದು ಕೆಳಗಿನದಕ್ಕೆ ಇಳಿಯುತ್ತದೆ, ಇನ್ನೂ ಹಲ್ಲುನೋವಿನ ಅಧ್ಯಾಯ, ಅದರಲ್ಲೇನೂ ಭಯವಿಲ್ಲ, ಒಡೆಯರು ಬರೆಯುವುದೆಲ್ಲ ತಮ್ಮ ಬಗ್ಗೆಯೇ, ತಮ್ಮ ಹಲ್ಲು, ತಮ್ಮ ನಿದ್ದೆ, ತಮಗೆ ಗಿಣ್ಣು ಯಾಕೆ ಸೇರುವುದಿಲ್ಲ, ಇವತ್ತೇನು ಬರೆದ್ರೇ ನಿನ್ನ ಒಡೆಯರು, ಅಂತ ಅಡುಗೆಯ ಗಲ್ಯಾರ್ದ ದಿನಾ ಕೇಳುತ್ತಿದ್ದಳು, ಮೊನ್ನೆಯ ಹಲ್ಲೇನಾ ಬೇರೆ ಹಲ್ಲಾ, ರಾಜನಲ್ಲ ಸಂತನಲ್ಲ, ಈ ಮನುಷ್ಯನ ದವಡೆ ಕಟ್ಟಿಕೊಂಡು ಯಾರಿಗೇನಾಗ್ಬೇಕೇ — ಒಡೆಯರು ಬರ್ನಾತ್ ದ ಲಾ ಕೊಂಬ ಈಗ ಕಿಟಕಿಯ ಹತ್ತಿರ ಕೂತು ಅಕ್ರೋಟು ಒಡೆಯುತ್ತಿದ್ದಾರೆ, ಅವರಿಗೆ ಏನೂ ಗೊತ್ತಿಲ್ಲ, ಒಂಬತ್ತು ದಿನದಿಂದ ಗೊತ್ತಿರುವುದು ಅವಳೊಬ್ಬಳಿಗೇ.

ಕೊಕ್ಕೆ, ಎಲ್ಲ ಆ ಕೊಕ್ಕೆಯಿಂದ, ಒಡೆಯರು ಒಂದು ಪುಟ ಬರೆದು ಮರುದಿನ ಓದಿ, ಅಷ್ಟು ಗಟ್ಟಿಯಾಗಿ ಹೇಳಲು ನಾನ್ಯಾರು ಅಂದುಕೊಂಡು ಗೆರೆಯ ಮೇಲೆ ಇರುವೆಯಷ್ಟು ಸಣ್ಣಗೆ ಬಹುಶಃ ಎಂದು ಬರೆದು ಅದರ ಕೆಳಗೊಂದು ಕೊಕ್ಕೆ ಎಳೆಯುತ್ತಿದ್ದರು, ಹೆಬ್ಬಾತಿಗೂ ನನ್ನಷ್ಟೇ ಬುದ್ಧಿಯಿದೆ, ಕೊಕ್ಕೆ, ಬಹುಶಃ, ಆದರೆ ಕನ್ಯಾಮಠದಲ್ಲಿ ಕೊಕ್ಕೆಯ ಅರ್ಥ ಬೇರೆ, ಅಲ್ಲಿ ಅವಳು ಕಲಿತದ್ದು ಎರಡೇ ಚಳಿಗಾಲ, ಅಮ್ಮ ಹಾಸಿಗೆ ಹಿಡಿದಾಗ ಬಿಡಿಸಿ ಕರೆತಂದರು, ಗೆರೆ ಬಿಟ್ಟು ಮೇಲೆ ಹೋದದ್ದು ಅಕ್ಷರವಲ್ಲ ಕಣೇ, ಕೊಳೆ, ಕೊಕ್ಕೆ ಹಾಕಿದ್ದನ್ನು ಬಿಟ್ಟು ಬರಿ, ಅಂತ ಮಠದ ತಾಯಿ ಬೆರಳ ಗೆಣ್ಣಿಗೆ ಹೊಡೆದು ಕಲಿಸಿದ್ದರು, ಅವಳು ಬಿಟ್ಟು ಬರೆದಳು, ಪುಟ ಎಷ್ಟು ಚೊಕ್ಕವಾಯಿತು, ಒಡೆಯರೂ ಓದಿ ನೋಡಲಿಲ್ಲ, ನನ್ನ ಬರಹ ನನಗೇ ಬೇಸರ ಮಗಳೇ ಅಂದರು, ಕೊನೆಗೆ ಊಟದ ಹೊತ್ತಿನಲ್ಲಿ ನಕ್ಕು, ನನ್ನ ಸಂಶಯಗಳನ್ನೆಲ್ಲ ಕೊಕ್ಕೆಗೆ ನೇತುಹಾಕಿಟ್ಟಿದ್ದೇನೆ, ಪಾದ್ರಿಗಳು ಎಣಿಸಿಕೊಳ್ಳಲಿ ಅಂದಾಗ ಅವಳಿಗೆ ಗೊತ್ತಾಯಿತು, ಒಡೆಯರ ಕೊಕ್ಕೆ ಬಿಡುವುದಕ್ಕಲ್ಲ, ಸೇರಿಸುವುದಕ್ಕೆ, ಅಷ್ಟರಲ್ಲಿ ಹಾಳೆಗಳು ಪಟ್ಟಣ ಸೇರಿದ್ದವು, ಆಗಲೇ ಹೇಳಬಹುದಿತ್ತು, ಹೇಳಲಿಲ್ಲ, ಪತ್ರ ಬರೆಯುವವನ ಗುಮಾಸ್ತ ಒಂದು ಅಕ್ಷರ ತಿದ್ದಿದ್ದಕ್ಕೆ ಸಂತೆಯಲ್ಲಿ ಅವನ ಬಲಗೈ ಹೆಬ್ಬೆರಳು ಕಡಿದು ತೆಗೆದದ್ದನ್ನು ಅವಳು ನೋಡಿದ್ದಳು, ಅವಳದ್ದು ಒಂದಲ್ಲ, ನಲವತ್ತೋ ಐವತ್ತೋ — ಉಗುರು ನಿಂತಿತು.

ಇಲ್ಲಿ ಕೇಳಿ, ಅಂದರು ಪಾದ್ರಿಗಳು, ಸತ್ತ ಮೇಲೆ ನಾವು ಊದಿ ಆರಿಸಿದ ದೀಪ, ಇದು ನಿಮ್ಮ ಮಾತೋ? ಒಡೆಯರು ಅಕ್ರೋಟಿನ ಸಿಪ್ಪೆ ಕೆಳಗಿಟ್ಟರು. ಬರೆದಿರಬಹುದು ಗುರುಗಳೇ. ಬರೆದಿರಬಹುದು ಅಂದರೇನು, ಬರೆದಿರೋ ಇಲ್ಲವೋ? ನೆನಪಿನ ವಿಷಯದಲ್ಲಿ ನನ್ನನ್ನು ನಾನೇ ನಂಬುವುದಿಲ್ಲ, ಇಷ್ಟು ಗಟ್ಟಿಯಾಗಿ ಬರೆಯುವವನಲ್ಲ, ಆದರೂ ಯಾವ ದಿನ ಹೇಗಿದ್ದೆನೋ. ನೋಡಿ ಒಡೆಯರೇ, ಸಂಶಯಪಟ್ಟವನನ್ನು ತಿದ್ದಬಹುದು, ಹೀಗೇ ಎಂದವನನ್ನು ಬಿಷಪ್ಪರ ಮುಂದೆ ನಿಲ್ಲಿಸಲೇಬೇಕು, ಹೋದ ವಸಂತದಲ್ಲಿ ಆ ನೇಕಾರ ಇಷ್ಟೂ ಹೇಳಿರಲಿಲ್ಲ, ಸುಟ್ಟರು, ಶಿಲುಬೆ ಮುಟ್ಟಿ ನಾನು ಹೀಗೆ ಬರೆದಿಲ್ಲ ಅನ್ನಿ, ಹರಿದು ಹಾಕಿ ಊಟಕ್ಕೆ ಏಳೋಣ. ಅನ್ನಿ, ಒಡೆಯರೇ, ಅನ್ನಿ, ಗೋಡೆ ಬೇಡಿಕೊಳ್ಳುತ್ತಿತ್ತು, ಒಡೆಯರು ಶಿಲುಬೆ ನೋಡಿದರು, ಗೊತ್ತಿಲ್ಲದ್ದಕ್ಕೆ ಆಣೆ ಹೇಗಿಡಲಿ ಅಂದರು — ಹೂಜಿ ನೆಲಕ್ಕಿಟ್ಟದ್ದು ಯಾವಾಗ, ಮೆಟ್ಟಿಲಿಳಿದದ್ದು ಯಾವಾಗ, ಮೂಲದ ಹಾಳೆಗಳು ಉಗ್ರಾಣದಲ್ಲಿವೆ, ಕೆಲಸ ಮುಗಿದ ಕಾಗದ ಅಂತ ಅವಳೇ ಗಲ್ಯಾರ್ದಳಿಗೆ ಕೊಟ್ಟಿದ್ದಳು, ಹೆಬ್ಬಾತಿನ ಕೊಬ್ಬಿನ ಜಾಡಿಗಳ ಬಾಯಿಗೆ ಕಟ್ಟಲು, ಏನೇ ಇದು, ಇನ್ನೂ ಆರು ವಾರ ಮುಚ್ಚಿಡಬೇಕಾದ್ದು, ಪಾದ್ರಿಗಳಿಗೆ ಅಷ್ಟು ಹಸಿವಾ, ಗಲ್ಯಾರ್ದ ಹಿಂದೆಯೇ ಬೈಯುತ್ತ ಬಂದಳು, ಮೊದಲನೆಯದು ಹಲ್ಲು, ಎರಡನೆಯದು ಗಿಣ್ಣು, ಐದನೆಯದು ದೀಪ, ಪೇರೋನ ಅದರ ದಾರ ಹಲ್ಲಿನಿಂದ ಕಡಿದಳು, ಕಾಗದ ಜಿಡ್ಡು ಕುಡಿದು ಹಿಂದಿನ ಪುಟ ಮುಂದಕ್ಕೆ ಕಾಣುತ್ತಿತ್ತು.

ಬೇಡ ಮಗಳೇ, ಅವಳ ಮುಖ ನೋಡಿದ್ದೇ ಒಡೆಯರು ಅಂದರು, ಒಳಗೆ ಹೋಗು, ಆದರೆ ಕಾಗದ ಆಗಲೇ ಪಾದ್ರಿಗಳ ಕೈಯಲ್ಲಿ, ಕಿಟಕಿಗೆ ಹಿಡಿದರು, ಉಗುರು ಜಿಡ್ಡಿನ ಮೇಲೆ ಜಾರುತ್ತ, ತಡವರಿಸುತ್ತ, ಎರಡು ಪುಟಗಳ ಅಕ್ಷರಗಳ ನಡುವೆ ಹುಡುಕುತ್ತ ಕೊಕ್ಕೆಯ ಹತ್ತಿರ ಬಂತು, ಬಹುಶಃ, ಎಂದು ಓದಿದರು, ಒಡೆಯರ ಕಡೆ ತಲೆ ಆಡಿಸಿದರು, ಸರಿ, ನಿಮ್ಮ ಮೇಲೆ ತಪ್ಪಿಲ್ಲ, ಹಾಗಾದರೆ ಇದನ್ನು ಬಿಟ್ಟವರು ಯಾರು? ನಾನು ಗುರುಗಳೇ. ಗೊತ್ತಾಗದೆಯೋ, ಬೇಕೆಂದೋ? ಕೊಕ್ಕೆ ಅನ್ನಬೇಕು, ಮಠ, ಎರಡೇ ಚಳಿಗಾಲ, ಅಷ್ಟೇ ಅಂದರೆ ಸಾಕು, ನಾಲಗೆ ತುದಿಗೆ ಬಂದಿದೆ, ಆದರೆ ಆ ದಿನ, ಆ ಸಾಲು ಬರೆದ ದಿನ, ತೀರಿಕೊಂಡ ನಿನ್ನಮ್ಮ ಪಾಪ ಕಳೆಯುವ ಬೆಂಕಿಯಲ್ಲಿ ಇನ್ನೂ ನೂರು ವರ್ಷ ಉರಿಯಬೇಕು ಅಂತ ಊರ ಪಾದ್ರಿ ಹೇಳಿದ್ದು ಕಿವಿಯಲ್ಲೇ ಇತ್ತು, ಊದಿ ಆರಿಸಿದ ದೀಪ ಉರಿಯುವುದಿಲ್ಲವಲ್ಲ, ಅಂತ ಅಂದುಕೊಂಡಿದ್ದಳು, ಗೆರೆಯ ಮೇಲಿನ ಆ ಇರುವೆಯನ್ನು ಎಷ್ಟೋ ಹೊತ್ತು ನೋಡಿದ್ದಳು, ಓದಿದ್ದಳು, ಅರ್ಥವಾಗಿತ್ತೆ, ಕೊಕ್ಕೆ ನೋಡಿ ಬಿಟ್ಟಳೆ, ಅಮ್ಮನಿಗಾಗಿ ಬಿಟ್ಟಳೆ, ಯಾವುದೆಂದು ಅವಳಿಗೇ — ಇದಕ್ಕೆ ನಿಜವಾದ ಉತ್ತರ ಒಂದೇ ಮಾತು, ಗೆರೆಯ ಮೇಲಿನದ್ದೇ, ಅದನ್ನು ಇಲ್ಲಿ ಆಡುವಂತಿಲ್ಲ, ಕೈ ಚಾಚು ಅಂದರು ಪಾದ್ರಿಗಳು, ಬಲಗೈ, ಚಾಚಿದಳು, ಉಗುರು ಕಾಗದ ಬಿಟ್ಟು ಬಂತು, ಕೊಬ್ಬಿನಿಂದ ಹೊಳೆಯುತ್ತಿತ್ತು, ಹೆಬ್ಬೆರಳಿನ ಮಸಿಯ ಕಲೆಯ ಕೆಳಗೆ, ಸಾಲಿನ ಕೆಳಗೆ ಇಟ್ಟ ಹಾಗೆ, ನಿಂತಿತು, ಉಗುರು, ಹಳದಿ ಉಗುರು, ಉಗುರು