ಬಸ್ಸನ್ನು ಹಿಂದಿಕ್ಕಿದ ಹಕ್ಕಿ

ನಮ್ಮಣ್ಣ ಅಸೆನ್ಸಿಯೊ ಗುವರಾಂಡಾ ಊರಿನ ಬಸ್ಸಿನ ಡ್ರೈವರ್ ಆಗಿದ್ದವನು. ಚಿಂಬೊರಾಜೊ ಬೆಟ್ಟದ ಇಳಿಜಾರಿನಲ್ಲಿ ವೇಗದ ಮುಳ್ಳು ಅರವತ್ತರ ಮೇಲಿದ್ದಾಗಲೇ ಒಂದು ಕಿಂದೆ, ಗುಬ್ಬಿಯ ಅರ್ಧ ತೂಕವೂ ಇಲ್ಲದ ಝೇಂಕಾರದ ಹಕ್ಕಿ, ತನ್ನನ್ನು ಹಿಂದಿಕ್ಕಿತೆಂದು ಊರೆಲ್ಲ ಹೇಳಿಕೊಂಡು ತಿರುಗಿದ್ದ. ಅದೂ ಸಾಲದೆಂದು ಗಾಳಿಯಲ್ಲೇ ನಿಂತು, ಹಿಂದಕ್ಕೆ ಹಾರಿ ಬಂದು, ಇವನ ಮುಖ ನೋಡಿತಂತೆ. ಡ್ರೈವರುಗಳ ಮಾತನ್ನು ನಾನು ಅರ್ಧ ಕಳೆದೇ ನಂಬುವವಳು. ಆದರೆ ಹಿಂದಕ್ಕೆ ಹಾರುವುದು ನಿಜ, ನಾನೇ ಕಂಡಿದ್ದೇನೆ. ಕೆರೆಯಲ್ಲಿ ನಿಂತಲ್ಲೇ ಕೈಯಾಡಿಸಿ ತೇಲುವವರ ಹಾಗೆ ಅದು ರೆಕ್ಕೆಯನ್ನು ಹಿಂದೆ ಮುಂದೆ ಬೀಸುತ್ತದೆ.

ಲಕ್ವ ಹೊಡೆದು ಬಲಭಾಗ ಬಿದ್ದುಹೋದ ಮೇಲೆ ಅಣ್ಣನಿಗೆ ಊಟವೇ ಬೇಡವಾಯಿತು. ಕಿಟಕಿಯಾಚೆಯ ಹೂಗಿಡಕ್ಕೆ ಕಿಂದೆ ಬಂದರೆ ಎರಡು ಚಮಚ ಬಾರ್ಲಿ ಗಂಜಿ ಇಳಿಯುತ್ತಿತ್ತು, ಬಾರದಿದ್ದರೆ ತುಟಿ ಬಿಗಿ. ಅದು ಬರುವುದು ನಿಂತ ದಿನ ತಾನೂ ಹೊರಟಂತೆ ಎಂದು ಅತ್ತಿಗೆ ನಾರ್ಸಿಸಾಗೆ ಹೇಳಿಯೂ ಬಿಟ್ಟಿದ್ದ. ಕಟ್ಟಿಕೊಂಡವಳಿಗೆ ಹೇಳುವ ಮಾತೇ ಅದು? ನನಗೆ ಮೈ ಉರಿದುಹೋಗಿತ್ತು.

ಒಂದು ಬೆಳಿಗ್ಗೆ ಹುಲ್ಲಿನ ಮೇಲೆ ಹಿಮ ಗಟ್ಟಿಯಾಗಿತ್ತು. ಸೌದೆಗೆಂದು ಹೊರಗೆ ಹೋದ ಅತ್ತಿಗೆಗೆ ಸೂರಿನಡಿ ಕಿಂದೆ ಸೆಟೆದುಕೊಂಡು ಅಂಟಿರುವುದು ಕಂಡಿತು. ಕಣ್ಣು ಮುಚ್ಚಿತ್ತು, ಮೈ ತಣ್ಣಗಿತ್ತು. ಇಲ್ಲಿಗೆ ಬಂದು ಎಷ್ಟು ವರ್ಷವಾದರೂ ಅವಳು ಬಿಸಿಲ ಕರಾವಳಿಯವಳೇ, ಸತ್ತಿತೆಂದೇ ತಿಳಿದಳು. ಕೋಳಿಮರಿಯಿಂದ ಹಿಡಿದು ಎಲ್ಲವನ್ನೂ ಇಟ್ಟುಕೊಳ್ಳುವ ರವಿಕೆಯೊಳಗೆ ಅದನ್ನೂ ಸೇರಿಸಿದಳು. ಅಣ್ಣನಿಗೆ ತಿಳಿಯದಂತೆ ಆಮೇಲೆ ಹೂಳುವ ಯೋಚನೆ. ಒಲೆಯ ಪಕ್ಕ ಆಲೂಗಡ್ಡೆ ಸುಲಿಯುತ್ತಿದ್ದ ನನಗೂ ಹೇಳಲಿಲ್ಲ.

ಹಕ್ಕಿ ಬಂತೇ ಎಂದು ಮಂಚದಿಂದಲೇ ಅಣ್ಣ ಕೇಳಿದ. ಮಧ್ಯಾಹ್ನ ಬರುತ್ತದೆ ಎಂದು ಅವಳು ಒಲೆಯ ಮುಂದೆ ಕೂತು ಗಂಜಿ ತಿರುವತೊಡಗಿದಳು. ತಿರುವುತ್ತ ತಿರುವುತ್ತ ಸೌಟು ನಿಂತಿತು. ಅವಳ ಎದೆ ಗುಂಯ್‌ಗುಡುತ್ತಿತ್ತು.

ಕಿಂದೆ ರವಿಕೆಯಿಂದ ಚಿಮ್ಮಿ ಅವಳ ಮೂಗಿನ ಮುಂದೆ ನಿಂತಿತು. ಮಂಚದ ಹತ್ತಿರ ಹೋಗಿ ಅಣ್ಣನನ್ನು ನೋಡಿ, ಹಿಂದೆ ಸರಿದು, ಬಾಗಿಲಿನಾಚೆ ಹೋಯಿತು. ಹೋದದ್ದು ಕಣ್ಣಿಗೆ ಸಿಗಲೇ ಇಲ್ಲ.

ಅಣ್ಣ ಸೊಟ್ಟ ಬಾಯಲ್ಲೇ ನಕ್ಕ. ಆ ನಗು ಕೇಳಿ ಎಷ್ಟು ದಿನವಾಗಿತ್ತೋ, ನನ್ನ ಕಣ್ಣು ತುಂಬಿತು.

"ನಲವತ್ತು ವರ್ಷ ಆ ರವಿಕೆಯೊಳಗೆಲ್ಲ ಹುಡುಕಿದೀನಿ," ಅಂದ. "ಹಾರೋದು ಒಂದೂ ಸಿಕ್ಕಿರ್ಲಿಲ್ಲ."

ನಾನು ಆಲೂಗಡ್ಡೆ ಕಡೆ ನೋಡಿದೆ. ಅತ್ತಿಗೆ ಅಳುತ್ತ ಎಲ್ಲವನ್ನೂ ಒಪ್ಪಿಕೊಂಡಳು.

"ಸತ್ತಿರ್ಲಿಲ್ಲ ಕಣೇ," ಅಂದ ಅಣ್ಣ. "ಇಲ್ಲಿ ಚಳಿಗೆ ಅದು ಹಾಗೇ ಮರಗಟ್ಟಿ ಮಲಗ್ತದೆ. ಬಿಸಿ ಹತ್ತಿದ್ರೆ ಏಳ್ತದೆ." ಅವಳನ್ನೇ ನೋಡಿ, "ನನ್ನನ್ನೂ ಹೀಗೇ ಹೂತ್‌ಬಿಡ್ತಿದ್ಯೇನೋ," ಅಂದ.

ಅತ್ತಿಗೆ ಮೂಗೊರೆಸಿಕೊಂಡಳು. ಗಂಜಿ ಬಟ್ಟಲು ತೆಗೆದುಕೊಂಡು ಮಂಚದ ಮೇಲೆ ಕೂತು, ಬಿದ್ದುಹೋದ ಅವನ ಬಲಗೈಯನ್ನೆತ್ತಿ ರವಿಕೆಯೊಳಗೆ ಇಟ್ಟುಕೊಂಡಳು. ನಾನೊಬ್ಬಳು ಅಲ್ಲಿರುವುದು ಅವಳಿಗೆ ಲೆಕ್ಕಕ್ಕೇ ಇರಲಿಲ್ಲ.

"ಬಿಸಿ ಹತ್ತೋವರೆಗೂ ಇಲ್ಲೇ ಇರ್ಲಿ," ಅಂದಳು. "ಈಗ ಬಾಯಿ ತೆಗಿ."

ಅಣ್ಣ ಬಾಯಿ ತೆಗೆದ.