ಗೂಡು ಬಿಡಿ

ಎಲ್ಲಿಂದ ಶುರು ಮಾಡುವುದು? ಟೆಲಿಫೋನ್ ಗಂಟೆಯಿಂದ ಶುರು ಮಾಡಿದರೆ ಪತ್ತೇದಾರಿ ಕಥೆಯಾಗುತ್ತದೆ. ಬುದ್ಧನಿಂದ ಶುರು ಮಾಡಿದರೆ ಪ್ರವಚನವಾಗುತ್ತದೆ. ಯಾರು, ಎಲ್ಲಿ, ಯಾವಾಗ, ಏನು ಅನ್ನುವುದನ್ನು ಮೊದಲ ಪ್ಯಾರಾದಲ್ಲೇ ಕೊಟ್ಟುಬಿಡು ಅಂತ ಪತ್ರಿಕೆಯ ಡೆಸ್ಕಿನಲ್ಲಿ ಕಲಿಸಿದ್ದರು. ಕೊಡುತ್ತೇನೆ: ಆದಿಲಕ್ಷ್ಮಮ್ಮ, ಶಿಡ್ಲಘಟ್ಟ, 1992ರ ಮೇ, ಬುದ್ಧ ಪೂರ್ಣಿಮೆಯ ಹಿಂದಿನ ವಾರ. ‘ಏನು’ ಅನ್ನುವುದೇ ತಕರಾರಿನಲ್ಲಿದೆ.

೧. (ಹೊಡೆದು ಹಾಕಿದ ಡ್ರಾಫ್ಟ್)

ಹಬೆ ತುಂಬಿದ ಶೆಡ್ಡಿನಲ್ಲಿ, ಕುದಿಯುವ ನೀರಿನ ಮುಂದೆ ಕೂತು ಆದಿಲಕ್ಷ್ಮಮ್ಮ ಮೌನವಾಗಿ ಅಳುತ್ತಿದ್ದಳು...

ಇಲ್ಲಿಗೇ ಅವಳು ನನ್ನನ್ನು ತಡೆದಳು. “ಅಳ್ತಿರ್ಲಿಲ್ಲ ಸಾರ್. ಹಬೆಗೆ ಕಣ್ಣು ಕೆಂಪಗಾಗಿರ್ತದೆ. ನಮ್ಮ ಬೀದೀಲಿ ಎಲ್ರ ಕಣ್ಣೂ ಅಂಗೇ.”

ಸರಿ, ಅಳು ಕ್ಯಾನ್ಸಲ್.

೨.

ಶಿಡ್ಲಘಟ್ಟದಲ್ಲಿ ಗೂಡು ಅಂದರೆ ರೇಷ್ಮೆ ಗೂಡು. ಗಂಡ ಗಂಗುಲಪ್ಪ ಮಾರುಕಟ್ಟೆಯಿಂದ ಗೂಡು ತರುತ್ತಾನೆ. ಆದಿಲಕ್ಷ್ಮಮ್ಮ ಅದನ್ನು ಬಿಸಿನೀರಿಗೆ ಹಾಕಿ, ಎಳೆ ಹಿಡಿದು, ನೂಲು ತೆಗೆಯುತ್ತಾಳೆ. ಗೂಡಿನೊಳಗೆ ಹುಳ ಜೀವಂತವಾಗಿರುತ್ತದೆ. ನೀರಿಗೆ ಬಿದ್ದ ಮೇಲೆ ಇರುವುದಿಲ್ಲ. ತಡ ಮಾಡಿದರೆ ಅದು ಚಿಟ್ಟೆಯಾಗಿ ಗೂಡನ್ನು ತೂತು ಮಾಡಿಕೊಂಡು ಹೊರಬರುತ್ತದೆ. ತೂತಾದ ಗೂಡಿನಿಂದ ನೂಲು ಬರುವುದಿಲ್ಲ. ಎರಡರಲ್ಲಿ ಒಂದು ಹಾಳಾಗಲೇಬೇಕು. ಇದು ನನ್ನ ತತ್ವಜ್ಞಾನವಲ್ಲ, ಕಸುಬಿನ ಲೆಕ್ಕ.

ಈ ಕಡೆಯ ಬೌದ್ಧ ಮನೆಗಳಿಗೆ ಬೆಂಗಳೂರಿನ ಬೌದ್ಧ ಭಿಕ್ಷು ಭಂತೇಜಿಯ ಮಾತು ಮೊದಮೊದಲು ಭಂತೇಜಿಯ ಜೊತೆಗೇ ಬರುತ್ತಿತ್ತು: ಪ್ಯಾಸೆಂಜರ್ ರೈಲಿನಿಂದ ತೊಂಡೇಬಾವಿಯಲ್ಲಿ ಇಳಿದು, ಯಾರದೋ ಸೈಕಲ್ಲಿನ ಹಿಂದೆ ಕೂತು. ಆಮೇಲೆ ಕೈಗೆ ಮಸಿ ಹತ್ತುವ ಸೈಕ್ಲೋಸ್ಟೈಲ್ ಹಾಳೆ ಬಂತು. ಓದಲು ಬಾರದವರು ಅದನ್ನು ಗೋಡೆಗೆ ಅಂಟಿಸಿ ಕೈಮುಗಿದರು. ಆಮೇಲೆ ಕ್ಯಾಸೆಟ್. ‘ಎ’ ಸೈಡಿನಲ್ಲಿ ಉಪದೇಶ, ‘ಬಿ’ ಸೈಡು ಖಾಲಿ. ಕೇಳಿದವರು ತಮ್ಮ ಅನುಮಾನಗಳನ್ನು ಆ ಖಾಲಿ ಸೈಡಿನಲ್ಲಿ ಹೇಳಿ ವಾಪಸ್ ಕಳಿಸಬೇಕು. ಹೊತ್ತೊಯ್ಯುವವರು ಚಿಕ್ಕಬಳ್ಳಾಪುರದ ವೆಂಕಟರಾಯಪ್ಪ ಮೇಷ್ಟ್ರು. (ಮೇಷ್ಟ್ರು ಒಮ್ಮೆ ಮಗಳ ಮದುವೆಯ ವಾಲಗವನ್ನು ಉಪದೇಶದ ಮೇಲೇ ರೆಕಾರ್ಡ್ ಮಾಡಿಬಿಟ್ಟರಂತೆ. ಚಿಂತಾಮಣಿಯವರು ಅದನ್ನೂ ಕಣ್ಣುಮುಚ್ಚಿ ಕೇಳಿದರಂತೆ. ಇದನ್ನು ಖಚಿತಪಡಿಸಿಕೊಳ್ಳಲು ನನ್ನಿಂದಾಗಿಲ್ಲ.)

೩.

ಪೂರ್ಣಿಮೆಯ ದಿನ ಚಿಕ್ಕಬಳ್ಳಾಪುರದಲ್ಲಿ ಆದಿಲಕ್ಷ್ಮಮ್ಮ ದೀಕ್ಷೆ ತಗೊಳ್ಳಬೇಕಿತ್ತು. ಎಲ್ಲರೆದುರು ನಿಂತು ಪಂಚಶೀಲ ಹೇಳಬೇಕು. ಅದಕ್ಕೇ ಕೆಲಸದ ಹೊತ್ತಿನಲ್ಲಿ ಪಕ್ಕದಲ್ಲಿ ಟೇಪ್‌ರೆಕಾರ್ಡರ್ ಇಟ್ಟುಕೊಂಡು ಬಾಯಿಪಾಠ ಮಾಡುತ್ತಿದ್ದಳು. ಪಾಳಿ ಭಾಷೆಯ ಪಾಠ ಕಲಿತಾದ ಮೇಲೆ ಕ್ಯಾಸೆಟ್ಟಿನಲ್ಲಿ ಕನ್ನಡದ ಅರ್ಥ ಬಂತು. ಮೊದಲನೆಯದು: ಜೀವ ತೆಗೆಯುವುದಿಲ್ಲ.

ಅವಳ ಕೈ ನೀರಿನ ಮೇಲೆ ನಿಂತಿತು.

ನಾಲ್ಕನೆಯದು, ಸುಳ್ಳು ಹೇಳುವುದಿಲ್ಲ. ಮೊದಲನೆಯದನ್ನು ಬಾಯಿಬಿಟ್ಟು ಹೇಳಿದರೆ ಅಲ್ಲೇ ನಾಲ್ಕನೆಯದು ಮುರಿಯುತ್ತದೆ. ಇದನ್ನು ಅವಳಿಗೆ ಯಾರೂ ಹೇಳಿಕೊಡಲಿಲ್ಲ. ಗಂಗುಲಪ್ಪ ಅವತ್ತು ಬೆಳಿಗ್ಗೆಯಷ್ಟೇ ಹೊಸ ಗೂಡು ತಂದು ಸುರಿದಿದ್ದ. ಕ್ಯಾಸೆಟ್ಟಿನಲ್ಲಿ ಕೇಳಿ ಉತ್ತರ ಬರುವಷ್ಟರಲ್ಲಿ ಅದೆಲ್ಲ ಚಿಟ್ಟೆ. ಅವಳು ಸೆರಗಿಗೆ ಕೈ ಒರೆಸಿಕೊಂಡು ಬಸ್‌ಸ್ಟ್ಯಾಂಡಿನ ಎಸ್‌ಟಿಡಿ ಬೂತಿಗೆ ನಡೆದಳು. ಬೂತಿನ ಚನ್ನಕೇಶವ ಲೈನ್ ಹಿಡಿದುಕೊಟ್ಟ. ಭಂತೇಜಿ ಧ್ಯಾನದಲ್ಲಿದ್ದಾರೆ ಅಂದರು. ಫೋನೆತ್ತಿದವರ ಹತ್ತಿರವೇ ಕೇಳಿದಳು: ಗೂಡಿನವರು ದೀಕ್ಷೆ ತಗೋಬೋದಾ, ಗೂಡು ಏನ್ ಮಾಡ್ಲಿ?

ಅವಳಿಗೆ ಗೊತ್ತಿಲ್ಲದ್ದು ಒಂದಿತ್ತು. ಆ ಹೊತ್ತಿಗೆ ಮೇಷ್ಟ್ರ ಜೋಳಿಗೆಯಲ್ಲಿ ಬೆಂಗಳೂರು ಸೇರಿದ್ದ ಹಿಂದಿನ ಕ್ಯಾಸೆಟ್ಟಿನ ‘ಬಿ’ ಸೈಡಿನಲ್ಲಿ ಅವಳ ಅತ್ತೆ ಮಂಗಮ್ಮನ ದನಿಯೂ ಇತ್ತು. ನಡುಮನೆಯ ಗೋಡೆಗೂಡಿನಲ್ಲಿ ಗಂಗಮ್ಮನ ಕಳಸ ಇದೆ, ಸೊಸೆ ಬೌದ್ಧಳಾದರೆ ನಮ್ಮ ಗೂಡು ಏನ್ ಮಾಡ್ಲಿ ಅಂತ ಮಂಗಮ್ಮ ಕೇಳಿದ್ದಳು.

(ಪ್ರಶ್ನೆ ಎರಡು, ಶಬ್ದ ಒಂದು. ಇಂಥದ್ದನ್ನು ನಾನು ಹುಟ್ಟಿಸಿದ್ದರೆ ನಮ್ಮ ಸಬ್‌ಎಡಿಟರ್ ಕೆಂಪು ಪೆನ್ನು ತೆಗೆಯುತ್ತಿದ್ದರು. ಈ ಕಡೆಯವರು ಆಡುವ ತೆಲುಗಿಗೆ ಹೊರಳಿದರೂ ಉಪಯೋಗವಿಲ್ಲ. ತೆಲುಗಲ್ಲೂ ಗೂಡು ಗೂಡೇ.)

೪.

ಮಧ್ಯಾಹ್ನ ಚನ್ನಕೇಶವನೇ ಮನೆ ಬಾಗಿಲಿಗೆ ಬಂದ. ಭಂತೇಜಿ ಖುದ್ದಾಗಿ ಫೋನ್ ಮಾಡಿದ್ದರು. ಬೂತಿನಲ್ಲಿ ಜನ, ಲೈನಿನಲ್ಲಿ ಗರಗರ ಸದ್ದು. ಕೇಳಿಸಿದ್ದಷ್ಟನ್ನು ಹೇಳಿದ:

“ಗೂಡು ಬಿಡಿ, ದೀಕ್ಷೆಗೆ ಬನ್ನಿ ಅಂದ್ರಕ್ಕ.”

ಯಾರಿಗೆ ಹೇಳಿದ್ದು ಅಂತ ಆದಿಲಕ್ಷ್ಮಮ್ಮ ಕೇಳಿದಳು. ಆ ಮನೆಯವರಿಗೆ ಹೇಳು ಅಂದರಂತೆ, ಅಷ್ಟೇ. ಮತ್ತೆ ಫೋನ್ ಮಾಡೋಣವೆಂದರೆ ಭಂತೇಜಿ ಆಗಲೇ ಕಲಬುರ್ಗಿ ಕಡೆ ಹೊರಟಾಗಿತ್ತು. ಇನ್ನು ಪೂರ್ಣಿಮೆಗೇ, ನೇರ ಚಿಕ್ಕಬಳ್ಳಾಪುರಕ್ಕೆ.

೫.

ಮೊದಲು ಬಾಯಿ ತೆಗೆದವಳು ಮಂಗಮ್ಮ. ನೀನೇ ಫೋನ್ ಮಾಡಿದ್ದು, ನಿನಗೇ ಬಂತು ಉತ್ತರ, ಬಿಡು ರೇಷ್ಮೆ ಗೂಡನ್ನ ಅಂದಳು. ಅದು ಗೋಡೆಗೂಡಿನ ಮಾತು, ಬುದ್ಧನ ಹತ್ತಿರ ಹೋಗುವವರಿಗೆ ಕಳಸ ಯಾಕೆ ಅಂತ ಸೊಸೆ. ಬಿ ಸೈಡಿನ ಗುಟ್ಟು ಆಗ ಮಂಗಮ್ಮನ ಬಾಯಿಂದಲೇ ಹೊರಬಿತ್ತು.

“ನಮ್ಮ ಗಂಗಮ್ಮ ಯಾರನ್ನೂ ಬೇಯಿಸಿಲ್ಲ ಕಣಮ್ಮ.”

“ಕೋಳಿ ಬೇಯಿಸಿದ್ದು ಯಾರಿಗೆ ಅತ್ತೆ, ವರ್ಷಾ ವರ್ಷಾ?”

ಗಂಗುಲಪ್ಪ ಹೊಸಲಿನ ಮೇಲೆ ಕೂತು ಬೀಡಿ ಆರಿಸಿದ. ಅವನಿಗೆ ಇದರಲ್ಲಿ ಸಮಸ್ಯೆಯೇ ಕಾಣಲಿಲ್ಲ. “ಗೂಡು ಬಿಡೋದು ಅಂದ್ರೇನು ನಮ್ಮಲ್ಲಿ? ನೀರಿಗೆ ಬಿಡೋದು. ನೀರಿಗೆ ಬಿಡಿ, ಕೆಲಸ ಮುಗಿಸಿ, ದೀಕ್ಷೆಗೆ ಬನ್ನಿ ಅಂದವ್ರೆ ಕಣೇ. ಇದಕ್ಕೆ ಯಾಕಿಷ್ಟು ಗಲಾಟೆ?”

ಯಾರೂ ನಗಲಿಲ್ಲ. ಆ ಅರ್ಥವೂ ಸರಿಯಿತ್ತು.

ಆದಿಲಕ್ಷ್ಮಮ್ಮ ಒಂದು ಗೂಡೆತ್ತಿ ಕಿವಿಯ ಹತ್ತಿರ ಅಲ್ಲಾಡಿಸಿದಳು. ಒಳಗೆ ಕಟಕಟ. ಈ ಸದ್ದನ್ನು ಮದುವೆಯಾದಾಗಿಂದ ಕೇಳಿದ್ದಾಳೆ; ಗೂಡು ಬಲಿತಿದೆ, ಒಳ್ಳೇ ಮಾಲು ಅನ್ನುವುದಕ್ಕೆ ಗುರುತು. ಅವತ್ತು ಅದು ಒಳಗಿದ್ದವರು ಬಾಗಿಲು ತಟ್ಟಿದ ಹಾಗಿತ್ತು.

(ಈ ಕೊನೆಯ ವಾಕ್ಯ ನನ್ನದು, ಅವಳದ್ದಲ್ಲ. ಅವಳು ಹೇಳಿದ್ದು ಇಷ್ಟೇ: “ಕೈ ಬರ್ಲಿಲ್ಲ ಸಾರ್.”)

೬. ಕೊನೆಗಳು

ಕ) ಅವಳು ಬುಟ್ಟಿಯನ್ನು ಹಿತ್ತಲಿಗೆ ಒಯ್ದು ಇಟ್ಟಳು. ಚಿಟ್ಟೆಗಳು ಬಂದವು. ಚೆನ್ನಾಗಿದೆ, ಫೋಟೋ ಸಮೇತ ಭಾನುವಾರದ ಪುರವಣಿಗೆ ಹೋಗುತ್ತದೆ. ಆದರೆ ಆ ಚಿಟ್ಟೆಗೆ ಹಾರಲು ಬರುವುದಿಲ್ಲ, ತಿನ್ನಲು ಬಾಯಿಯೂ ಇಲ್ಲ. ಮೊಟ್ಟೆಯಿಟ್ಟು ಅಲ್ಲೇ ಸಾಯುತ್ತದೆ. ಗಂಗುಲಪ್ಪ ಬೇರೆ ಹೆಂಗಸನ್ನು ಕೂಲಿಗೆ ಕರೆದು ನೀರ ಮುಂದೆ ಕೂರಿಸುತ್ತಾನೆ. ಆಗ ಜೀವ ತೆಗೆದವರು ಯಾರು? ಈ ಕೊನೆಯನ್ನು ಹೊಡೆದು ಹಾಕಿದೆ.

ಖ) ಅವಳು ಗೂಡನ್ನು ನೀರಿಗೆ ಬಿಟ್ಟಳು. ಪೂರ್ಣಿಮೆಯ ದಿನ ಎಲ್ಲರೂ ಮೊದಲನೆಯ ಶೀಲ ಹೇಳುವಾಗ ತುಟಿ ಮುಚ್ಚಿಕೊಂಡಳು, ಉಳಿದ ನಾಲ್ಕನ್ನು ಗಟ್ಟಿಯಾಗಿ ಹೇಳಿದಳು. ನನಗೆ ಇದೇ ಇಷ್ಟವಾಗಿತ್ತು. ಅವಳಿಗೆ ಆಗಲಿಲ್ಲ. “ನಾಲ್ಕಾಣೆ ಕಮ್ಮಿ ಬೌದ್ಧಳಾಗೋಕೆ ಹೋಗ್ಬೇಕಾ ಅಷ್ಟು ದೂರ?”

ಗ) ಭಂತೇಜಿ ಬಂದು ತಮ್ಮ ಮಾತಿನ ಅರ್ಥ ಹೇಳಿದರು. ಇದು ಆಗದಿರಲು ಕಾರಣ ಸರಳ: ಗೂಡು ಅಷ್ಟು ದಿನ ಕಾಯುವುದಿಲ್ಲ.

ಮಂಗಮ್ಮ ನಡುಮನೆಯಿಂದಲೇ ನನಗೆ ಹೇಳಿ ಕಳಿಸಿದಳು, ಯಾವ ಕೊನೆ ಬರೆದರೂ ಬರಿ, ಕಳಸ ಮುಟ್ಟಬೇಡ ಅಂತ. ಮುಟ್ಟಿಲ್ಲ.

೭.

ಗಂಗುಲಪ್ಪ ಮೂರನೆಯ ಸಲ ಒಲೆಗೆ ಸೌದೆ ಹಾಕಿದ. ನೀರು ತಳದಿಂದ ಗುಳುಗುಳು ಅನ್ನುತ್ತಿತ್ತು. ಬುಟ್ಟಿಯ ಮೇಲಿನ ಒಂದು ಗೂಡಿನ ತುದಿ ಒದ್ದೆಯಾಗಿತ್ತು. ಚಿಟ್ಟೆ ಹೊರಗೆ ಬರುವ ಮೊದಲು ಗೂಡಿನ ತುದಿ ಹಾಗೇ ನೆನೆಯುತ್ತದೆ.

ಬೇಗ ನಿರ್ಧಾರ ಮಾಡಬೇಕು, ನಾನೂ ಕಥೆ ಮುಗಿಸಬೇಕು ಅಂದೆ.

ಅವಳು ನನ್ನನ್ನು ನೋಡಿದಳು. ಹಾಳೆಯಲ್ಲಿ ಬಂದ ಮಾತನ್ನು ಯಾರೋ ಓದಿದರು, ಕ್ಯಾಸೆಟ್ಟಿನ ಮಾತನ್ನು ಯಾರೋ ಒಯ್ದರು, ಫೋನಿನ ಮಾತನ್ನು ಚನ್ನಕೇಶವ ಕೇಳಿಸಿಕೊಂಡ, ಈಗ ನೀವು ಬರೀತಿದ್ದೀರಿ, ನೀರಿನ ಮುಂದೆ ಮಾತ್ರ ಯಾವಾಗಲೂ ನಾನೇ ಅಂದಳು. ಸಿಟ್ಟಿರಲಿಲ್ಲ. ಬುಟ್ಟಿ ಎತ್ತಿ ನನ್ನ ಕೈಗೆ ಕೊಟ್ಟಳು.

“ಕೊನೆ ನಿಮಗೆ ಬೇಕಾಗಿರೋದು ಸಾರ್. ನೀವೇ ಬಿಡಿ.”

ಯಾವ ಅರ್ಥದಲ್ಲಿ ಅಂತ ಕೇಳಿದೆ. ಅವಳು ಆಗಲೇ ಹೊಸಲು ದಾಟಿದ್ದಳು. ಬುಟ್ಟಿ ಕಾಣುವುದಕ್ಕಿಂತ ಭಾರವಿದೆ. ಪೆನ್ನು ಹಿಡಿಯಲು ಕೈ ಖಾಲಿಯಿಲ್ಲ